ನಾಲ್ಕನೇ ಲೇನಿನ ಎಡಗೈ

ಈಜುಕೊಳದ ಬೋರ್ಡಿನ ಮೇಲೆ ಅವಳ ಹೆಸರೇ ಮೊದಲು ಬಂತು. ಕನ್ನಡಕ ಹಣೆಗೇರಿಸಿ ಉಸಿರು ಎಳೆದುಕೊಳ್ಳುವಷ್ಟರಲ್ಲಿ ಮಾಯವಾಯಿತು. ಆ ಜಾಗದಲ್ಲಿ ಈಗ ತಂಗಿಯ ಹೆಸರು. ಅವಳದು ಪಟ್ಟಿಯ ತಳಕ್ಕೆ ಇಳಿದಿತ್ತು, ಮುಂದೆ ಸಮಯದ ಬದಲು 'ಅನರ್ಹ' ಎಂಬ ಒಂದೇ ಪದ. ಪಕ್ಕದ ಲೇನಿನಲ್ಲಿ ತಂಗಿ ಹಗ್ಗದ ಮೇಲೆ ಬಿದ್ದು ಅಳುತ್ತಿದ್ದಳು, ಸಂತೋಷಕ್ಕೆ. ಮನೆಯಲ್ಲಿ ಇವರಿಬ್ಬರನ್ನು ದೊಡ್ಡವಳು, ಚಿಕ್ಕವಳು ಅಂತಲೇ ಕರೆಯುವುದು.

ಇನ್ನೂರು ಮೀಟರ್ ಬಟರ್‌ಫ್ಲೈ ಈಜಿನಲ್ಲಿ ಅಂತರರಾಷ್ಟ್ರೀಯ ಕೂಟಕ್ಕೆ ಹೋಗುವುದು ಇಲ್ಲಿ ಗೆದ್ದವಳೊಬ್ಬಳೇ. ದೊಡ್ಡವಳು ಹತ್ತು ವರ್ಷದಲ್ಲಿ ನಾಲ್ಕು ಸಲ ಹೋಗಿ ಬಂದವಳು. ಒಮ್ಮೆ ಫೈನಲ್ ಸೇರಿ ಆರನೆಯವಳಾಗಿದ್ದಳು, ಪದಕ ಮಾತ್ರ ಕೈಗೆ ಹತ್ತಿರಲಿಲ್ಲ. ಇಪ್ಪತ್ತೇಳು ದಾಟಿತ್ತು. ಇದೇ ಕೊನೆಯ ಸಲ ಎಂದು ಅವಳಿಗೂ ಗೊತ್ತಿತ್ತು, ಅವಳ ಭುಜಕ್ಕೂ ಗೊತ್ತಿತ್ತು. ಅಕ್ಕತಂಗಿಯರಿಗೆ ಕೋಚ್ ಅಪ್ಪನೇ. ಹೆತ್ತವರಿಗೆ ಹೆಗ್ಗಣ ಮುದ್ದು ಅನ್ನುತ್ತಾರಲ್ಲ, ಈ ಪುಣ್ಯಾತ್ಮನಿಗೆ ಗೆದ್ದ ಹೆಗ್ಗಣ ಮಾತ್ರ ಮುದ್ದು. ಆದರೂ ದೊಡ್ಡವಳು ಅವನು ಹಾಕಿದ ಗೆರೆ ದಾಟಿದವಳಲ್ಲ.

ಬಟರ್‌ಫ್ಲೈಯಲ್ಲಿ ಒಂದು ಕಟ್ಟುನಿಟ್ಟು ಇದೆ. ತಿರುವಿನಲ್ಲಾಗಲಿ ಕೊನೆಯಲ್ಲಾಗಲಿ, ಎರಡು ಕೈಯೂ ಒಟ್ಟಿಗೇ ಗೋಡೆ ಮುಟ್ಟಬೇಕು. ಎರಡು ವರ್ಷದ ಹಿಂದೆಯೇ ಅವಳ ಎಡಭುಜ ಕೈಕೊಟ್ಟಿತ್ತು. ದಣಿದರೆ ಸಾಕು, ಎಡಗೈ ಕೂದಲೆಳೆಯಷ್ಟು ತಡವಾಗಿ ಬರುತ್ತಿತ್ತು. ಇದು ಗೊತ್ತಿದ್ದದ್ದು ಅಪ್ಪನೊಬ್ಬನಿಗೇ, ಉಪಾಯ ಹೇಳಿಕೊಟ್ಟವನೂ ಅವನೇ.

"ಗೋಡೆ ಹತ್ರ ಬಂದಾಗ ತಲೆನ ಜೋರಾಗಿ ಒಳಗೆ ಹೊಡಿ. ನೊರೆ ಏಳುತ್ತೆ. ಅದರೊಳಗೆ ಯಾವ ಕೈ ಮೊದಲು ಬಂತು ಅಂತ ಬ್ರಹ್ಮನಿಗೂ ಗೊತ್ತಾಗಲ್ಲ."

ಎರಡು ವರ್ಷ ಯಾರಿಗೂ ಗೊತ್ತಾಗಲಿಲ್ಲ.

ಅವಳು ಒದ್ದೆ ಮೈಯಲ್ಲೇ ಗೋಡೆಯ ಬಳಿಯ ತೀರ್ಪುಗಾರ್ತಿಯ ಹತ್ತಿರ ಹೋದಳು. ಆಕೆ ಬಿಳಿ ಅಂಗಿ ತೊಟ್ಟ ನಡುವಯಸ್ಸಿನ ಹೆಂಗಸು, ನೆನೆದ ಮಂಡಿ ಒರೆಸಿಕೊಳ್ಳುತ್ತಿದ್ದಳು.

"ಮೂರನೇ ತಿರುವಿನಲ್ಲಿ ಎಡಗೈ ತಡ ಆಯ್ತಮ್ಮ. ಮಂಡಿಯೂರಿ ಬಗ್ಗಿ ನೋಡಿದ್ದಕ್ಕೆ ಕಾಣಿಸ್ತು, ಇಲ್ಲದಿದ್ರೆ ನನಗೂ ಕಾಣ್ತಿರಲಿಲ್ಲ."

"ಬಗ್ಗಿ ಯಾಕೆ ನೋಡಿದ್ರಿ?"

"ನಿಮ್ಮ ತಂದೆ ಬೆಳಿಗ್ಗೆ ಬಂದು ಹೇಳಿದ್ರಲ್ಲ, ನಾಲ್ಕನೇ ಲೇನಿನ ಎಡಗೈ ನೋಡ್ಕೊಳ್ಳಿ, ನನ್ನ ಮಗಳು ಅಂತ ಬಿಡಬೇಡಿ ಅಂತ." ಆಕೆ ಅವಳ ಬೆನ್ನು ಸವರಿದಳು. "ಇಂಥ ತಂದೆ ಸಿಗೋಕೆ ಪುಣ್ಯ ಮಾಡಿರಬೇಕು ಕಣಮ್ಮ. ಈ ಕಾಲದಲ್ಲಿ ಇಷ್ಟು ನಿಯತ್ತು ಯಾರಿಗಿದೆ?"

ಅವಳು ನೇರ ಗ್ಯಾಲರಿಯತ್ತ ನಡೆದಳು. ಅಪ್ಪ ಮೆಟ್ಟಿಲ ಮೇಲೆ ಕೂತು ಚಿಕ್ಕವಳ ಸಮಯ ಬರೆದುಕೊಳ್ಳುತ್ತಿದ್ದ.

"ನೀನೇ ಹೇಳಿದ್ಯಂತೆ."

"ಹೂಂ." ಮುಚ್ಚುಮರೆ ಏನೂ ಇಲ್ಲ. "ನಿನ್ನ ಭುಜ ಇನ್ನೊಂದು ವರ್ಷ ಬಾಳಲ್ಲ. ಅವಳಿಗೆ ಹದಿನೇಳು. ಇರೋದು ಒಂದೇ ಜಾಗ."

"ಈಜಬೇಡ ಅಂದಿದ್ರೆ ಆಗ್ತಿತ್ತಲ್ಲಪ್ಪ. ಅತ್ತುಕೊಂಡಾದರೂ ಬಿಟ್ಟುಕೊಡ್ತಿದ್ದೆ."

"ನೀನು ಬಿಟ್ಟುಕೊಟ್ಟಿದ್ರೆ ಅವಳಿಗೆ ಆ ಟೈಮ್ ಎಲ್ಲಿಂದ ಬರ್ತಿತ್ತು?" ಪುಸ್ತಕದಿಂದ ತಲೆಯೆತ್ತದೆ ಹೇಳಿದ. "ಅಟ್ಟಿಸಿಕೊಂಡು ಹೋಗೋಕೆ ಮುಂದೆ ಯಾರಾದ್ರೂ ಬೇಕು ಅವಳಿಗೆ. ನಿನ್ನ ಹಿಂದೆ ಬಿದ್ದಿದ್ದಕ್ಕೇ ಅರ್ಹತೆಗೆ ಬೇಕಾದ್ದಕ್ಕಿಂತ ಅರ್ಧ ಸೆಕೆಂಡ್ ಕೆಳಗೆ ಬಂದಳು. ನೀನು ಜೀವ ಬಿಟ್ಟು ಈಜಬೇಕಿತ್ತು, ಈಜಿದೆ. ಚೆನ್ನಾಗೇ ಈಜಿದೆ."

ಇಷ್ಟು ವರ್ಷದಲ್ಲಿ ಅವನ ಬಾಯಿಂದ ಅವಳು ಕೇಳಿದ ಮೊದಲ ಮೆಚ್ಚುಗೆ ಅದು.

"ಅವಳಿಗೆ ಗೊತ್ತಾ?"

"ಯಾಕೆ ಗೊತ್ತಾಗಬೇಕು? ತಲೆ ಕೆಡಿಸಿಕೊಂಡ್ರೆ ಟೈಮ್ ಹಾಳಾಗುತ್ತೆ. ನೀನೂ ಬಾಯಿ ಬಿಡಬೇಡ. ಸೋಮವಾರದಿಂದ ಅಭ್ಯಾಸದಲ್ಲೂ ಹೀಗೇ, ನೀನು ಮುಂದೆ, ಅವಳು ಹಿಂದೆ."

ಬಟ್ಟೆ ಬದಲಿಸುವ ಕೋಣೆಯಲ್ಲಿ ಅವಳು ಬೆಂಚಿನ ಮೇಲೆ ಕೂತೇ ಇದ್ದಳು. ಸ್ಪರ್ಧೆಯ ಈಜುಡುಗೆ ಮೈಗೆ ಕಚ್ಚಿಕೊಂಡಿರುತ್ತದೆ, ಎಡಗೈ ಎತ್ತಲಾಗದವಳಿಗೆ ಒಬ್ಬಳೇ ಬಿಚ್ಚಿಕೊಳ್ಳುವ ಮಾತೇ ಇಲ್ಲ. ಚಿಕ್ಕವಳು ಓಡಿ ಬಂದು ಅವಳ ಕುತ್ತಿಗೆಗೆ ಬಿದ್ದಳು.

"ಅಕ್ಕಾ, ಆ ಜಡ್ಜಮ್ಮನ ಕಣ್ಣು ಇಂಗಿಹೋಗ. ಗೆದ್ದಿದ್ದು ನೀನೇ, ನನಗೆ ಗೊತ್ತು. ಪಾಪ, ಅಪ್ಪನಿಗೂ ಎಷ್ಟು ಬೇಜಾರಾಗಿದೆ ಅಂದ್ರೆ, ನನ್ನ ಹತ್ರ ಮಾತೇ ಆಡ್ಲಿಲ್ಲ." ಮೂಗೊರೆಸಿಕೊಂಡಳು. "ನೀನೂ ಇರ್ತೀಯ ತಾನೇ? ನೀನು ಮುಂದೆ ಇಲ್ಲದಿದ್ರೆ ನನಗೆ ಈಜೋಕೇ ಬರಲ್ಲ."

ದೊಡ್ಡವಳ ನಾಲಿಗೆಯ ತುದಿಗೆ ಮಾತು ಬಂದಿತ್ತು. ತಂಗಿಯ ಮುಖ ನೋಡಿದಳು, ಅತ್ತು ಕೆಂಪಾದ ಮೂಗು, ಅದರ ಕೆಳಗೆ ತಡೆಯಲಾರದ ನಗು.

"ಇದನ್ನ ಬಿಚ್ಚು ಮೊದಲು," ಅಂದಳು.

ಚಿಕ್ಕವಳು ಹಿಂದೆ ನಿಂತು, ಎಡಭುಜದ ಪಟ್ಟಿಯೊಳಗೆ ಎರಡೂ ಹೆಬ್ಬೆರಳು ತೂರಿಸಿ, ಅಕ್ಕನಿಗೆ ಎಲ್ಲಿ ನೋವಾದೀತೋ ಎಂದು ನಿಧಾನವಾಗಿ, ಬಹಳ ನಿಧಾನವಾಗಿ ಕೆಳಕ್ಕೆ ಎಳೆಯತೊಡಗಿದಳು.