ವೊಂದ್ರಾಕ್ ಸೇರಿಸಿದ ಮಾತು

ಭಾನುವಾರ ಸಂಜೆ ಟಿವಿಯಲ್ಲಿ ತಾನು ಬರೆದ ಕಥೆ ಮುಗಿದಾಗಿನಿಂದ ಎಗಾನ್ ವೊಂದ್ರಾಕ್‌ಗೆ ಮಂಗಳವಾರದ್ದೇ ಚಿಂತೆ. ವಿಯೆನ್ನಾ ನಗರಸಭೆಯ ಆ ವಸತಿಕಟ್ಟಡದಲ್ಲಿ ಬಟ್ಟೆ ಒಗೆಯುವ ಕೋಣೆ ಒಂದೇ, ಮನೆಗೊಂದು ಸರದಿ. ಮಂಗಳವಾರ ಮಧ್ಯಾಹ್ನದವರೆಗೆ ಇವನದು, ಆಮೇಲೆ ಮೂರನೇ ಮಹಡಿಯ ಫ್ರೌ ಜವಾದಿಲ್ ಎಂಬ ಹೆಂಗಸಿನದು. ಬೀಗದ ಕೈಯನ್ನು ಅವರ ಕೈಗೇ ಕೊಡಬೇಕು. ತಲೆ ತಪ್ಪಿಸಿಕೊಳ್ಳುವ ಹಾಗಿಲ್ಲ.

ಬೆಟ್ಟದ ಹುಡುಗಿ, ಕಾಡಿನ ಗಾರ್ಡು ಎಂದು ಇಪ್ಪತ್ತು ವರ್ಷ ಸಿನಿಮಾಗಳಿಗೆ ಸುಳ್ಳು ಹೆಣೆದು ಹೊಟ್ಟೆ ಹೊರೆದವನು ವೊಂದ್ರಾಕ್. ಅಂಥ ಸಿನಿಮಾಗಳು ನಿಂತುಹೋದ ಮೇಲೆ ಟಿವಿಗೆ ಬಂದ. "ನಿನ್ನ ಜನ ಎಲ್ಲಾ ರಟ್ಟಿನ ಬೊಂಬೆಗಳಪ್ಪಾ" ಎಂದು ನಿರ್ಮಾಪಕ ಮುಖಕ್ಕೆ ಹೊಡೆದಂತೆ ಹೇಳಿದ. ಹೊಸದೇನೂ ತಲೆಗೆ ಹೊಳೆಯದೆ, ಆ ಹೆಂಗಸು ಒಗೆಯುವ ಕೋಣೆಯಲ್ಲಿ ತನ್ನೆದುರು ಹೇಳಿಕೊಂಡು ಅತ್ತದ್ದನ್ನೇ ಎತ್ತಿ ಬರೆದುಕೊಟ್ಟ. ಅವರ ತಾಯಿ ಆಸ್ಪತ್ರೆಯಲ್ಲಿ ಕೊನೆಯುಸಿರೆಳೆಯುವಾಗ ಅವರು ಸಲೂನಿನಲ್ಲಿ ಕೂದಲು ಗುಂಗುರು ಮಾಡಿಸಿಕೊಳ್ಳುತ್ತಿದ್ದರಂತೆ. ಅವರು ಅಂದು ತೊಟ್ಟಿದ್ದ ಹಸಿರು ಕೋಟನ್ನೂ ಬಿಡಲಿಲ್ಲ ಪುಣ್ಯಾತ್ಮ. ಸೋಮವಾರದ ಪತ್ರಿಕೆ "ಕೊನೆಗೂ ನಿಜವಾದ ಮನುಷ್ಯರು" ಎಂದು ಹೊಗಳಿತು. ಅದನ್ನು ಓದಿದ ಮೇಲೆ ಅವನಿಗೆ ಊಟ ಸೇರಲಿಲ್ಲ.

ಮಂಗಳವಾರ ಮಧ್ಯಾಹ್ನ ಅವನು ಒಗೆಯುವ ಕೋಣೆಯ ಬಾಗಿಲು ತೆಗೆದಾಗ ಫ್ರೌ ಜವಾದಿಲ್ ಬುಟ್ಟಿ ಹಿಡಿದು ನಿಂತಿದ್ದರು.

"ನಾನೂ ನೋಡ್ದೆ, ಹೆರ್ ವೊಂದ್ರಾಕ್. ಬಿಲ್ಡಿಂಗಿನೋರೆಲ್ಲ ನೋಡಿದ್ರು."

"ಕ್ಷಮಿಸಿ ಅನ್ನೋಕೂ ನಾಚಿಕೆ ಆಗ್ತಿದೆ. ನಾನು ಮಾಡಿದ್ದು ಕಳ್ಳತನ."

"ಅದು ಹಾಳಾಗ್ಲಿ. ಹಸಿರು ಕೋಟು ಇನ್ನೂ ಇಟ್ಕೊಂಡಿದೀರಾ ಅಂತ ಕೆಳಗಿನ ಮನೆಯವಳು ಆಗ್ಲೇ ಕೇಳಿದ್ಲು. ನಾನು ಕೇಳ್ಬೇಕಾಗಿರೋದು ಬೇರೆ." ಬುಟ್ಟಿ ಕೆಳಗಿಟ್ಟರು. "ಅಮ್ಮಂಗೆ ಪ್ರಜ್ಞೆ ಇರ್ಲಿಲ್ಲ, ಯಾರನ್ನೂ ಕೇಳ್ಲಿಲ್ಲ ಅಂತ ನರ್ಸ್ ಹೇಳಿದ್ರು. ಹನ್ನೊಂದು ವರ್ಷ ಅದನ್ನೇ ನಂಬ್ಕೊಂಡು ನಿದ್ದೆ ಮಾಡಿದೀನಿ. ಟಿವೀಲಿ ಆಯಮ್ಮ ಕೊನೇ ತನಕ ಮಗಳ ಹೆಸರು ಹಿಡಿದು ಕರೀತಾಳಲ್ಲ. ನೀವು ಬರೆಯೋರು, ಆಸ್ಪತ್ರೆಗೆ ಹೋಗಿ ವಿಚಾರಿಸಿದ್ರಾ?"

ನೋಡುವವರು ಅಳಲಿ ಎಂದು ವೊಂದ್ರಾಕ್ ಕೊನೆಗಳಿಗೆಯಲ್ಲಿ ಸೇರಿಸಿದ ಮಾತದು.

"ಇಲ್ಲ, ನಾನು ಯಾರನ್ನೂ ವಿಚಾರಿಸ್ಲಿಲ್ಲ. ಅದು ನಾನೇ ಕಟ್ಟಿದ್ದು. ದೇವರಾಣೆ, ಅದು ಸುಳ್ಳು."

ಅವರು ಅವನ ಮುಖವನ್ನೇ ನೋಡಿದರು. ಆ ನೋಟದಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಅವನು ಬದುಕಿಕೊಳ್ಳುತ್ತಿದ್ದ.

"ಕೋಟು ನಿಜ, ಸಲೂನು ನಿಜ, ನಾನು ಹೇಳಿದ್ದೆಲ್ಲ ಅಕ್ಷರ ಬಿಡದೆ ಬರ್ದಿದೀರಿ. ಅದೊಂದೇ ಸುಳ್ಳಾ?" ಎನ್ನುತ್ತ ಬೀಗದ ಕೈಗೆ ಕೈ ಚಾಚಿದರು. "ನನ್ನ ಸಮಾಧಾನಕ್ಕೆ ಹೇಳ್ತಿದೀರಿ. ಒಳ್ಳೇ ಮನಸ್ಸು ನಿಮ್ದು."