ಏಮಸ್ ಕೆಟರಿಂಗ್ ಏನು ತಿಂದ?

೧
ಹಿಮದಿಂದ ಶುರು ಮಾಡಲೇ, ಹಸಿವಿನಿಂದಲೇ? ಹಿಮದ ಮೇಲೆ ಎರಡು ಪುಟ ಬರೆದೆ. ನನ್ನ ಕಥೆಯ ಪಾತ್ರ ಡೆಲ್ಫೀನ್ ಆರ್ಕಟ್ ಅದನ್ನು ಓದಿ, ಕ್ಯಾಲೆಂಡರ್ ಚಿತ್ರದ ಹಾಗಿದೆ, ಹರಿದುಹಾಕಿ ಅಂದಳು. ಹರಿದೆ. (ಇತಿಹಾಸಕಾರ್ತಿ, ಅವಳಿಗೆ ಪುರಾವೆ ಬೇಕು. ನನಗೆ ನೀವು ಎದ್ದು ಹೋಗದಿದ್ದರೆ ಸಾಕು.)

ಹಾಗಾದರೆ ಹೋಟೆಲಿನಿಂದ ಶುರು ಮಾಡೋಣ.

೨
ಕ್ಯಾಲಿಫೋರ್ನಿಯಾದ ಸಿಯೆರಾ ಬೆಟ್ಟಸಾಲಿನ ಬುಡದಲ್ಲಿ ಅರ್ಲೀನ್ ಕೆಟರಿಂಗಳ ಹೋಟೆಲಿದೆ. ಬೋರ್ಡಿನಲ್ಲಿ ಅವಳ ಪೂರ್ವಜ ಏಮಸನ ಚಿತ್ರ, ಕೈಯಲ್ಲಿ ಫೋರ್ಕು. ಎತ್ತಿನ ಬಂಡಿಗಳ ಕಾಲದಲ್ಲಿ ಕ್ಯಾಲಿಫೋರ್ನಿಯಾಕ್ಕೆ ಹೊರಟ ಕೆಲವು ಸಂಸಾರಗಳು ಮೇಲಿನ ಕಣಿವೆಯಲ್ಲಿ ಹಿಮಕ್ಕೆ ಸಿಕ್ಕಿಬಿದ್ದವು. ನಡೆಯಬಲ್ಲವರು ಸಹಾಯ ತರಲು ಇಳಿದರು. ಏಮಸನ ಹೆಂಡತಿಯೂ ಹಸುಗೂಸು ಮಗನನ್ನು ಬೆನ್ನಿಗೆ ಕಟ್ಟಿಕೊಂಡು ಹೊರಟಳು. ಏಮಸ್ ಪುಟ್ಟ ಮಗಳು ಟ್ಯಾಬಿತಾಳೊಂದಿಗೆ, ಆಗಲೇ ಸತ್ತಿದ್ದವರೊಂದಿಗೆ ಅಲ್ಲೇ ಉಳಿದ. ಹಿಮ ಕರಗಿ ಜನ ಹತ್ತಿ ಬಂದಾಗ ಅಲ್ಲಿ ಬದುಕಿದ್ದವನು ಅವನೊಬ್ಬನೇ.

ಬದುಕಿದ್ದಾನೆ ಅಂದಮೇಲೆ ಹೆಣ ತಿಂದಿದ್ದಾನೆ ಅಂತ ಊರು ತೀರ್ಮಾನಿಸಿತು. ಅವನು ಅಲ್ಲಗಳೆಯಲಿಲ್ಲ. ಈಗ ಪ್ರವಾಸಿಗರು ಬಂದು "ಏಮಸನ ಪಕ್ಕೆಲುಬು" ಆರ್ಡರ್ ಮಾಡುತ್ತಾರೆ. (ಹಂದಿಯದು. ನಾನೂ ತಿಂದಿದ್ದೇನೆ. ಚೆನ್ನಾಗಿರುತ್ತದೆ.)

೩
ಡೆಲ್ಫೀನ್ ವರ್ಷಗಟ್ಟಲೆ ಕಣಿವೆಯಲ್ಲಿ ಮಣ್ಣು ಕೆದಕಿದವಳು. ಏಮಸನ ಒಲೆಯ ಬೂದಿಯಲ್ಲಿ ಎತ್ತಿನ ಮೂಳೆ, ನಾಯಿಯ ಮೂಳೆ, ತೊಗಲು ಬೇಯಿಸಿದ ಗುರುತು ಸಿಕ್ಕವು. ಮನುಷ್ಯರ ಮೂಳೆ ಒಂದೂ ಇಲ್ಲ. ಸತ್ತವರೆಲ್ಲ ಪಕ್ಕದಲ್ಲೇ ಇಡಿಯಾಗಿ ಮಲಗಿದ್ದರು. ಏಮಸ್ ಹೆಣ ತಿಂದಿಲ್ಲ ಅಂತ ಹೇಳಲು, ಸುಖ ಹೆರಿಗೆಯ ಸುದ್ದಿ ತಂದ ಸೂಲಗಿತ್ತಿಯಷ್ಟು ಸಂಭ್ರಮದಿಂದ ಡೆಲ್ಫೀನ್ ಹೋಟೆಲಿಗೆ ಬಂದಳು.

ಇಲ್ಲಿ ಅರ್ಲೀನ್ ಅತ್ತಳು ಅಂತ ಬರೆದಿದ್ದೆ. ಈರುಳ್ಳಿ ಹೆಚ್ಚುವಾಗ ಬಿಟ್ಟರೆ ತಾನು ಅತ್ತವಳಲ್ಲ ಅಂತ ಅರ್ಲೀನ್ ತಕರಾರು ತೆಗೆದಳು. ಅಳಿಸಿದೆ. ಅವಳು ಕಾಫಿ ಬಗ್ಗಿಸುತ್ತಾ, ತನಗೆ ಇದು ಅಜ್ಜಿಯ ಬಾಯಿಂದ ಮೊದಲೇ ಗೊತ್ತು ಅಂದಳಷ್ಟೆ.

"ಮತ್ತೆ ಯಾಕೆ ಸುಮ್ಮನಿದ್ದೀರಿ? ಏಮಸನದ್ದೇನೂ ತಪ್ಪಿಲ್ಲ ಅಂತ ಊರಿಗೆ ಗೊತ್ತಾಗಬೇಡವೇ?" ಡೆಲ್ಫೀನ್ ಕೇಳಿದಳು.

"ಗೊತ್ತಾದ ಮೇಲೆ ಊರು ಏನು ಕೇಳುತ್ತೆ, ಹೇಳು ತಾಯಿ. ಮಗು ಹೊಟ್ಟೇಲಿ ತೊಗಲಿನ ಗಂಜಿ ನಿಲ್ಲುತ್ತಿರಲಿಲ್ಲ. ಮಾಂಸ ಪಕ್ಕದಲ್ಲೇ ಇತ್ತು. ಹೋಗುವಾಗ ಹೆಂಡತಿ ಹೇಳಿಯೇ ಹೋಗಿದ್ದಳು, ಏನಾದರೂ ಸರಿ, ಮಗೂಗೆ ತಿನ್ನಿಸು ಅಂತ. ಇವನ ಕೈ ಏಳಲಿಲ್ಲ, ಮಗು ಉಳೀಲಿಲ್ಲ. ಹೆಂಡತಿ ತಾನು ಸಾಯೋವರೆಗೂ ಅವನ ಜೊತೆ ಒಂದೇ ಮೇಜಿಗೆ ಊಟಕ್ಕೆ ಕೂರಲಿಲ್ಲ. ತಿಂದ ಅಂತ ನಗೋರು ನಗಲಿ ಬಿಡು. ತಿನ್ನಿಸಲಿಲ್ಲ ಅಂತ ಗೊತ್ತಾದರೆ ಯಾರು ನಗ್ತಾರೆ?"

ಡೆಲ್ಫೀನ್ ಕಾಫಿ ಕುಡಿಯಲಿಲ್ಲ. ಅವಳಿಗೂ ಮನೆಯಲ್ಲಿ ಮಗಳಿದ್ದಾಳೆ.

೪
ಶನಿವಾರ ಹಿಮದಲ್ಲಿ ಸತ್ತವರ ನೆನಪಿಗೆ ಊರಿನ ಊಟ, ಭಾಷಣ ಡೆಲ್ಫೀನಳದ್ದು. ನನ್ನ ಹತ್ತಿರ ಇರುವ ಅಂತ್ಯಗಳು ಹೀಗಿವೆ.

ಒಂದು: ನಿಜ ಹೇಳುತ್ತಾಳೆ. ಏಮಸನ ಹೆಸರು ಶುದ್ಧವಾಗುತ್ತದೆ, ಹೋಟೆಲು ಮುಚ್ಚುತ್ತದೆ.

ಇನ್ನೊಂದು: ಮುಚ್ಚಿಡುತ್ತಾಳೆ. ಹೋಟೆಲು ಉಳಿಯುತ್ತದೆ, ಅವಳು ಪ್ರೊಫೆಸರ್ ಆಗುವುದಿಲ್ಲ.

ಎರಡೂ ಬೇಡ ಅಂತ ಡೆಲ್ಫೀನ್ ನನ್ನ ಮೇಲೆ ರೇಗಿದಳು. ನೀನೇ ಆರಿಸಿಕೋ ಅಂತ ನಾನೂ ರೇಗಿದೆ. ಅವಳು ಎದ್ದು ಮೈಕಿನ ಹತ್ತಿರ ಹೋದಳು. ಮುಂದಿನ ಸಾಲಿನಲ್ಲಿ ಅರ್ಲೀನ್ ಕೈಕಟ್ಟಿ ಕೂತಿದ್ದಳು.

"ಟ್ಯಾಬಿತಾ ಅಂತ ಒಂದು ಮಗುವಿತ್ತು," ಎಂದಳು ಡೆಲ್ಫೀನ್. ಊರಿನವರು ಆ ಹೆಸರು ಕೇಳಿದ್ದು ಅದೇ ಮೊದಲು. ಅವರ ಪಾಲಿಗೆ ಇಷ್ಟು ದಿನ ಹಸಿದವನು ಏಮಸ್ ಒಬ್ಬನೇ ಆಗಿದ್ದ. ಅರ್ಲೀನಳ ಕೈಕಟ್ಟು ಸಡಿಲವಾಯಿತು.

ಮುಂದಿನ ವಾಕ್ಯ ಬರೆದಿಟ್ಟುಕೊಂಡಿದ್ದೇನೆ. ಕೊಡುವುದಿಲ್ಲ. ಒಲೆ ಉರಿಯುತ್ತಿದೆ, ಮಗು ನಿಮ್ಮ ಮುಖವನ್ನೇ ನೋಡುತ್ತಿದೆ. ಮೊದಲು ನೀವು ಹೇಳಿ, ತಿನ್ನಿಸುತ್ತೀರಾ?