ಒಂದು ಹಿಡಿತದ ಋಣ

ಕರ್ಕಟಕ ಮಾಸದ ಮಳೆ ಮುಗಿದು ಆಕಾಶ ತೊಳೆದಿಟ್ಟಂತಿತ್ತು. ಓಣಂ ದಿನ ಬೆಳಗ್ಗೆ ತಲಶ್ಶೇರಿಯ ಮೇಲೆ ಎಳೆಬಿಸಿಲು. ಗಾಳಿಯಿಲ್ಲ, ತೆಂಗಿನ ಗರಿಯೊಂದೂ ಅಲ್ಲಾಡುತ್ತಿರಲಿಲ್ಲ. ಉಯ್ಯಾಲೆಯಿಂದ ಉಯ್ಯಾಲೆಗೆ ಹಾರುವವರಿಗೆ ಹೇಳಿ ಮಾಡಿಸಿದ ದಿನ ಎಂದುಕೊಂಡ ಮುದುಕ ಚಾತ್ತುಕುಟ್ಟಿ, ತನ್ನ ಅಂಗೈ ನೋಡಿಕೊಂಡ.

ಸರ್ಕಸ್ಸಿನಲ್ಲಿ ಅವನು ಹಿಡಿಯುವವನಾಗಿದ್ದ. ಉಯ್ಯಾಲೆಗೆ ಮೊಣಕಾಲು ಸಿಕ್ಕಿಸಿ ತಲೆಕೆಳಗಾಗಿ ತೂಗುತ್ತ, ಹಾರಿಬಂದವರನ್ನೆಲ್ಲ ಹಿಡಿದವನು. ಹಿಡಿಯದೆ ಬಿಟ್ಟದ್ದು ಮೂರಡಿ ಎತ್ತರದ ಕೋಡಂಗಿ ಪವಿತ್ರನ್ ಒಬ್ಬನನ್ನೇ. ಅದೂ ಆಟವೇ. ಹಾರಾಟದ ಕೊನೆಗೆ ಪವಿತ್ರನ್ ದೊಗಳೆ ಚಡ್ಡಿ ತೊಟ್ಟು ಹಾರಿ ಬರಬೇಕು. ಕೈಗೆ ಚಡ್ಡಿ ಸಿಗಬೇಕು, ಆಳು ಬಲೆಗೆ ಬೀಳಬೇಕು. ಡೇರೆಗೆ ಡೇರೆಯೇ ನಗುತ್ತಿತ್ತು. ಹಾಗೆ ಬೀಳಲು ಎಲ್ಲರಿಗಿಂತ ಚೆನ್ನಾಗಿ ಹಾರಬೇಕೆಂಬುದು ಇವರಿಬ್ಬರಿಗೇ ಗೊತ್ತು.

ಒಮ್ಮೆ ಕಣ್ಣೂರಿನಲ್ಲಿ ಡೇರೆ ಹಾಕಿದಾಗ ಪವಿತ್ರನ ಅಮ್ಮ ಮೊದಲ ಸಲ ಆಟ ನೋಡಲು ಬಂದಳು.

"ಅಣ್ಣಾ, ಇವತ್ತೊಂದು ಸಲ ನನ್ನ ನಿಜವಾಗ್ಲೂ ಹಿಡಿ. ಜನ ನಗೋದನ್ನ ಅಮ್ಮ ಊರಲ್ಲೇ ಬೇಕಾದಷ್ಟು ಕೇಳಿದಾಳೆ. ನಾನು ಹಾರೋದನ್ನ ನೋಡ್ಲಿ."

"ಮುತ್ತಪ್ಪನಾಣೆ ಹಿಡೀತೀನಿ, ಹೋಗೋ."

ಪವಿತ್ರನ್ ಹಾರಿದ. ಅವನ ಮಣಿಕಟ್ಟು ಚಾತ್ತುಕುಟ್ಟಿಯ ಅಂಗೈಗೆ ತಗುಲಿತು ಕೂಡ. ಕೆಳಗೆ ಜನ ನಗಲು ಬಾಯಿ ತೆರೆದು ಕಾದಿದ್ದರು. ಕೈ ಸಡಿಲವಾಯಿತು, ಜಾರುತ್ತಿದ್ದವನ ಚಡ್ಡಿಯನ್ನು ಎಂದಿನಂತೆ ಹಿಡಿಯಿತು; ಆಳು ಬಲೆಗೆ ಬಿದ್ದ, ಚಡ್ಡಿ ಕೈಯಲ್ಲುಳಿಯಿತು. ಡೇರೆ ಬಿರಿಯುವಂಥ ನಗು. ಮುಂದಿನ ಸಾಲಿನಲ್ಲಿ ಒಬ್ಬಳು ಮೇಲುವಸ್ತ್ರದಿಂದ ಮುಖ ಮುಚ್ಚಿಕೊಂಡಳು.

"ರೂಢಿ ಕಣೋ, ಕೈ ತಾನಾಗೇ ಹಾಗೆ ಮಾಡ್ತು" ಎಂದಿದ್ದ ಚಾತ್ತುಕುಟ್ಟಿ.

"ಇರ್ಲಿ ಬಿಡಣ್ಣಾ" ಎಂದಿದ್ದ ಪವಿತ್ರನ್. ಆ ಮಾತು ಇಬ್ಬರ ನಡುವೆ ಮತ್ತೆ ಬರಲಿಲ್ಲ.

ಕೈಗೆ ರೂಢಿಯಾಗಿದ್ದದ್ದು ನಿಜ. ಮನಸ್ಸು ಆ ನಗೆಯನ್ನು ಬಯಸಿದ್ದೂ ನಿಜ. ಆಣೆಗೆ ಸಾಕ್ಷಿಯಾದ ದೇವರು ಮುತ್ತಪ್ಪನಿಗೆ ಅದು ಗೊತ್ತಿತ್ತು. ಸಂಜೆ ದೀಪ ಹಚ್ಚಿ ಕೈಮುಗಿದಾಗಲೆಲ್ಲ ಅಂಗೈಗಳ ನಡುವೆ ಏನೋ ಸಿಕ್ಕಿಕೊಂಡಂತಾಗುತ್ತಿತ್ತು. ಆ ತಾಯಿಯೂ ಈಗಿಲ್ಲ.

ಇದನ್ನೆಲ್ಲ ನೆನೆಯುತ್ತಿರುವಾಗಲೇ, ಈಗ ತಾನೂ ಮುದುಕನಾದ ಪವಿತ್ರನೇ ಪರಶ್ಶಿನಿಯ ಮುತ್ತಪ್ಪನ ಗುಡಿಯ ಪ್ರಸಾದ ಹಿಡಿದು ಬಂದ. ಮೊಮ್ಮಕ್ಕಳಿಗೆಂದು ಮಾವಿನ ಮರಕ್ಕೆ ಕಟ್ಟಿದ್ದ ಓಣಂ ಉಯ್ಯಾಲೆ ಕಂಡದ್ದೇ ಹತ್ತಿ ಕೂತು ಜೀಕತೊಡಗಿದ.

"ಬಿದ್ದು ಸೊಂಟ ಮುರ್ಕೋಬೇಡ ಮಾರಾಯ!"

"ಬೀಳೋದು ನಂಗೆ ಹೊಸದಾ ಅಣ್ಣಾ? ನಿನ್ನ ಕೈಯಲ್ಲೇ ಕಲ್ತದ್ದಲ್ವಾ!" ಪವಿತ್ರನ್ ನಕ್ಕ.

ಚಾತ್ತುಕುಟ್ಟಿಗೆ ನಗು ಬರಲಿಲ್ಲ. ಒಳಗೆ ಹೋಗಿ, ಮುತ್ತಪ್ಪನ ಮುಂದಿದ್ದ ಭಸ್ಮವನ್ನು, ಹಿಂದೆ ಹಿಡಿತ ಜಾರದಿರಲೆಂದು ಪುಡಿ ತಿಕ್ಕುತ್ತಿದ್ದಂತೆ, ಎರಡೂ ಅಂಗೈಗೆ ತಿಕ್ಕಿಕೊಂಡು ಬಂದ. ಉಯ್ಯಾಲೆಯ ಎದುರು ಕಾಲೂರಿ ನಿಂತು ಕೈ ಚಾಚಿದ.

ಬಿಳಿಯ ಅಂಗೈಗಳನ್ನು ನೋಡಿ ಪವಿತ್ರನ ನಗು ನಿಂತಿತು. ಇನ್ನೊಮ್ಮೆ ಜೀಕಿದ.

"ಬಾ" ಎಂದ ಚಾತ್ತುಕುಟ್ಟಿ.

ಪವಿತ್ರನ್ ಹಗ್ಗ ಬಿಟ್ಟ.

ಮಣಿಕಟ್ಟಿಗೆ ಮಣಿಕಟ್ಟು ಕೂತಿತು. ಮುದಿ ಮೊಣಕಾಲು ಲಟಕ್ಕೆಂದರೂ ಹಿಡಿತ ಸಡಿಲವಾಗಲಿಲ್ಲ.

"ಉಟ್ಟ ಮುಂಡು ಸೊಂಟದಲ್ಲೇ ಇದ್ಯಾ ನೋಡಣ್ಣಾ" ಎಂದ ಪವಿತ್ರನ್.

ಚಾತ್ತುಕುಟ್ಟಿ ಅಂಗಳದ ಹೂವಿನ ರಂಗೋಲಿ ತುಳಿಯದಂತೆ ಅವನನ್ನು ಮೆಲ್ಲಗೆ ನೆಲಕ್ಕಿಳಿಸಿದ.